ಹರಾಜು ಪ್ರಕಟಣೆ ಅಚ್ಚಾದ ಬೆಳಗ್ಗೆ ಮನೆ ಯಾರದು?

ದಿನಪತ್ರಿಕೆಯ ಒಳಪುಟದಲ್ಲಿ ಇರುವೆ ಸಾಲಿನಂತೆ ಅಚ್ಚಾಗುವ ಬ್ಯಾಂಕಿನ ಹರಾಜು ಪ್ರಕಟಣೆಗಳನ್ನು ಹೆಚ್ಚಿನವರು ಓದುವುದಿಲ್ಲ. ನನಗೆ ಅದು ಕಸುಬಿನಿಂದ ಅಂಟಿದ ಚಟ. ಮೇಲೆ ಬ್ಯಾಂಕಿನ ಲಾಂಛನ, ಕೆಳಗೆ ಸಾಲಗಾರನ ಹೆಸರು, ಜಾಮೀನು ಹಾಕಿದ ಭಾವಮೈದುನನ ಹೆಸರು, ಬಾಕಿ ಮೊತ್ತ, ಅದರ ಬಾಲಕ್ಕೆ ‘ಮತ್ತು ಮುಂದಿನ ಬಡ್ಡಿ ಹಾಗೂ ಖರ್ಚುಗಳು’. ನಂತರ ಸ್ವತ್ತಿನ ವಿವರ: ಪೂರ್ವ ಪಶ್ಚಿಮ 30 ಅಡಿ, ಉತ್ತರ ದಕ್ಷಿಣ 40 ಅಡಿ. ಚಕ್ಕುಬಂದಿಯಲ್ಲಿ ಪೂರ್ವಕ್ಕೆ ರಸ್ತೆ, ಪಶ್ಚಿಮಕ್ಕೆ ಬೇರೆಯವರ ನಿವೇಶನ. ಕೊನೆಗೆ ಮೀಸಲು ಬೆಲೆ, ಮುಂಗಡ ಠೇವಣಿ, ಹರಾಜಿನ ದಿನ ಮತ್ತು ವೇಳೆ.

ಇಂಥ ಪ್ರಕಟಣೆಯನ್ನು ಮಡಚಿಕೊಂಡು ಬರುವವರು ಕೇಳುವ ಪ್ರಶ್ನೆ ಹೆಚ್ಚುಕಡಿಮೆ ಒಂದೇ: ‘ಹರಾಜಿಗೆ ಇನ್ನೂ ಒಂದು ತಿಂಗಳಿದೆ. ಅಷ್ಟರಲ್ಲಿ ಊರಿನ ಜಮೀನು ಮಾರಿಯಾದರೂ ಪೂರ್ತಿ ದುಡ್ಡು ಕಟ್ಟಿಬಿಡುತ್ತೇವೆ. ಮನೆ ಉಳಿಯುತ್ತದಲ್ಲವೇ?’ 2016ರ ಆಗಸ್ಟ್‌ವರೆಗೆ ಈ ಪ್ರಶ್ನೆಗೆ ಧೈರ್ಯವಾಗಿ ಹೌದು ಎನ್ನಬಹುದಿತ್ತು. ಈಗ ಹಾಗೆ ಹೇಳಲಾಗದು. ಆ ಪ್ರಕಟಣೆ ಅಚ್ಚಾದ ದಿನವೇ, ಸಾಲ ತೀರಿಸಿ ಸ್ವತ್ತನ್ನು ಬಿಡಿಸಿಕೊಳ್ಳುವ ಹಕ್ಕು ಸಾಲಗಾರನ ಕೈಬಿಟ್ಟಿರುತ್ತದೆ. ಹರಾಜಿನ ವ್ಯಾಜ್ಯಗಳ ಗಂಟು ಬಿಚ್ಚಲು ಹೊರಟರೆ ಕೈಗೆ ಮೊದಲು ಸಿಗುವ ಎಳೆ ಇದೇ ದಿನಾಂಕ.

ಒಂದೇ ಮನೆಗೆ ಮೂರು ಗಡಿಯಾರ

ಅಡಮಾನ ಇಟ್ಟ ಮನೆಯನ್ನು ಮಾರಿ ಸಾಲ ವಸೂಲು ಮಾಡಲು ಬ್ಯಾಂಕಿಗೆ ನಮ್ಮ ದೇಶದಲ್ಲಿ ಮೂರು ದಾರಿಗಳಿವೆ. ಹಳೆಯದು ಸಿವಿಲ್ ನ್ಯಾಯಾಲಯದ್ದು: ದಾವೆ, ಡಿಕ್ರಿ, ಅಮಲ್ಜಾರಿ (ಡಿಕ್ರಿಯನ್ನು ಜಾರಿಗೆ ತರುವುದು), ಆಮೇಲೆ ಹರಾಜು. ಎರಡನೆಯದು 1993ರ ಕಾಯ್ದೆಯಿಂದ ಹುಟ್ಟಿದ ಸಾಲ ವಸೂಲಾತಿ ನ್ಯಾಯಮಂಡಳಿ, ಅಂದರೆ ಡಿಆರ್‌ಟಿ. ಈಗ 20 ಲಕ್ಷ ರೂಪಾಯಿಗೆ ಕಡಿಮೆಯಿಲ್ಲದ ಬಾಕಿಗಳಿಗೆ ಮಾತ್ರ ಬ್ಯಾಂಕು ಅಲ್ಲಿ ಅರ್ಜಿ ಹಾಕಬಹುದು. ಆದೇಶವಾದ ಮೇಲೆ ಅಲ್ಲಿನ ವಸೂಲಾತಿ ಅಧಿಕಾರಿಯೇ ಹರಾಜು ನಡೆಸುತ್ತಾರೆ. ಮೂರನೆಯದು 2002ರ ಸರ್ಫೇಸಿ ಕಾಯ್ದೆ. ಇದರಲ್ಲಿ ಬ್ಯಾಂಕು ಯಾವ ನ್ಯಾಯಾಲಯದ ಮೆಟ್ಟಿಲನ್ನೂ ಹತ್ತಬೇಕಿಲ್ಲ. ಅದರ ‘ಅಧಿಕೃತ ಅಧಿಕಾರಿ’ಯೇ ನೋಟಿಸ್ ಕೊಟ್ಟು, ಸ್ವಾಧೀನಕ್ಕೆ ತೆಗೆದುಕೊಂಡು, ಹರಾಜು ಹಾಕಬಹುದು. ಎರಡು ಮತ್ತು ಮೂರನೆಯ ದಾರಿಗಳನ್ನು ಬ್ಯಾಂಕು ಒಟ್ಟಿಗೆ ಹಿಡಿದರೂ ತಪ್ಪಿಲ್ಲ ಎಂದು 2006ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ಪತ್ರಿಕೆಗಳಲ್ಲಿ ಕಾಣುವ ಪ್ರಕಟಣೆಗಳಲ್ಲಿ ಬಹುಪಾಲು ಸರ್ಫೇಸಿಯವು.

ಈಗ ವಿಚಿತ್ರ ನೋಡಿ. ಸಿವಿಲ್ ನ್ಯಾಯಾಲಯದ ಹರಾಜಿನಲ್ಲಿ ಮನೆ ಮಾರಿಹೋದ ಮೇಲೂ ಮಾಲೀಕನಿಗೆ ಕೊನೆಯ ಅವಕಾಶವಿದೆ. ಡಿಕ್ರಿಯ ಹಣವನ್ನೂ, ಹರಾಜು ಗೆದ್ದವರಿಗೆ ಬೆಲೆಯ ಶೇ 5ರಷ್ಟು ಪರಿಹಾರವನ್ನೂ 60 ದಿನಗಳೊಳಗೆ ಠೇವಣಿ ಇಟ್ಟರೆ ಮಾರಾಟ ರದ್ದಾಗುತ್ತದೆ. ಡಿಆರ್‌ಟಿಯ ವಸೂಲಾತಿ ಅಧಿಕಾರಿ ಆದಾಯ ತೆರಿಗೆ ಕಾಯ್ದೆಯ ಎರಡನೇ ಅನುಸೂಚಿಯ ನಿಯಮಗಳಂತೆ ಹರಾಜು ಮಾಡುತ್ತಾರೆ. ಅಲ್ಲಿಯೂ ಇದೇ ಬಗೆಯ ಅವಕಾಶ ಇದೆ, ಅವಧಿ 30 ದಿನ. ಸರ್ಫೇಸಿಯಲ್ಲಿ ಮಾತ್ರ ಹರಾಜಿನ ನಂತರದ ಅವಕಾಶ ಹಾಗಿರಲಿ, ಹರಾಜಿನ ಮುನ್ನಾ ದಿನದ ಅವಕಾಶವೂ ಇಲ್ಲ. ಸಾಲ ಅದೇ, ಮನೆ ಅದೇ. ಯಾವ ದಾರಿ ಹಿಡಿಯಬೇಕೆಂದು ಬ್ಯಾಂಕು ತೀರ್ಮಾನಿಸಿದ ಮಾತ್ರಕ್ಕೆ ಮಾಲೀಕನ ಹಕ್ಕಿನ ಆಯಸ್ಸು ತಿಂಗಳುಗಟ್ಟಲೆ ಹೆಚ್ಚು ಕಡಿಮೆಯಾಗುತ್ತದೆ. ಕಾನೂನು ಮಾಡಿದವರಿಗೆ ಇದು ಗೊತ್ತಿತ್ತೋ ಇಲ್ಲವೋ, ನನಗಂತೂ ಇದು ಸರಿಯೆನಿಸಿಲ್ಲ.

ನೋಟಿಸಿನಿಂದ ಪ್ರಕಟಣೆವರೆಗೆ

ಸರ್ಫೇಸಿಯ ನಡೆ ಹೀಗೆ. ಕಂತು 90 ದಿನಕ್ಕೂ ಹೆಚ್ಚು ಕಾಲ ಕಟಬಾಕಿಯಾದರೆ ಸಾಲಕ್ಕೆ ಎನ್‌ಪಿಎ, ಅಂದರೆ ವಸೂಲಾಗದ ಸಾಲ ಎಂಬ ಹಣೆಪಟ್ಟಿ ಬೀಳುತ್ತದೆ. ಬ್ಯಾಂಕು ಸೆಕ್ಷನ್ 13(2)ರ ಅಡಿ ನೋಟಿಸ್ ಕಳಿಸಿ 60 ದಿನಗಳಲ್ಲಿ ಪೂರ್ತಿ ಬಾಕಿ ಕಟ್ಟಲು ಹೇಳುತ್ತದೆ. ಈ ನೋಟಿಸನ್ನು ಜನ ಸಾಮಾನ್ಯವಾಗಿ ಬೀರುವಿನಲ್ಲಿಟ್ಟು ಮರೆಯುತ್ತಾರೆ. ಆದರೆ ಸಾಲಗಾರನಿಗೆ ನಿಜವಾದ ಬಲ ಇರುವುದು ಈ 60 ದಿನಗಳಲ್ಲೇ. ಲೆಕ್ಕ ತಪ್ಪಾಗಿದ್ದರೆ, ಕಟ್ಟಿದ ಹಣ ಜಮೆಯಾಗದಿದ್ದರೆ, ಸ್ವತ್ತು ಕೃಷಿ ಭೂಮಿಯಾಗಿದ್ದರೆ ಲಿಖಿತ ಆಕ್ಷೇಪಣೆ ಕೊಡಬೇಕು. ಬ್ಯಾಂಕು ಅದಕ್ಕೆ 15 ದಿನಗಳೊಳಗೆ ಕಾರಣ ಸಹಿತ ಉತ್ತರ ಕೊಡಲೇಬೇಕು. ಜಾಮೀನುದಾರರಿಗೂ ಇದೇ ಕಿವಿಮಾತು. ಮೊದಲು ಸಾಲಗಾರನ ಆಸ್ತಿ ಮಾರಿ, ಸಾಲದಿದ್ದರೆ ನನ್ನ ಬಳಿ ಬನ್ನಿ ಎಂದು ಅವರು ಹೇಳುವಂತಿಲ್ಲ.

ಗಡುವು ಮುಗಿದ ಮೇಲೆ ಬ್ಯಾಂಕು ಸ್ವಾಧೀನಕ್ಕೆ ಬರುತ್ತದೆ. ಮೊದಲು ಬರುವುದು ಬೀಗ ಹಾಕುವ ಸ್ವಾಧೀನವಲ್ಲ, ಕಾಗದದ ಮೇಲಿನ ‘ಸಾಂಕೇತಿಕ ಸ್ವಾಧೀನ’. ಬಾಗಿಲಿಗೋ ಗೇಟಿಗೋ ನೋಟಿಸ್ ಅಂಟಿಸಿ, ಫೋಟೊ ತೆಗೆದು, ಏಳು ದಿನಗಳೊಳಗೆ ಎರಡು ಪತ್ರಿಕೆಗಳಲ್ಲಿ ಪ್ರಕಟಿಸುತ್ತಾರೆ. ಅವುಗಳಲ್ಲಿ ಒಂದು ಸ್ಥಳೀಯ ಭಾಷೆಯದಾಗಿರಬೇಕು. ಮನೆಯವರು ಒಳಗೇ ಇರುತ್ತಾರೆ, ಕುಕ್ಕರ್ ಕೂಗುತ್ತಿರುತ್ತದೆ, ಆದರೆ ಕಾನೂನಿನ ಲೆಕ್ಕದಲ್ಲಿ ಸ್ವಾಧೀನ ಬದಲಾಗಿರುತ್ತದೆ. ಬ್ಯಾಂಕಿನ ಕ್ರಮವನ್ನು ಪ್ರಶ್ನಿಸಿ ಡಿಆರ್‌ಟಿಗೆ ಸೆಕ್ಷನ್ 17ರ ಅರ್ಜಿ ಹಾಕಲು ಇರುವ 45 ದಿನಗಳ ಎಣಿಕೆ ಇಲ್ಲಿಂದಲೇ ಶುರು. ‘ಇನ್ನೂ ಮನೆಯಿಂದ ಹೊರಗೆ ಹಾಕಿಲ್ಲವಲ್ಲ, ಹಾಕಿದಾಗ ನೋಡೋಣ’ ಎಂದು ಕುಳಿತರೆ ಆ ದಿನಗಳು ಸೋರಿಹೋಗುತ್ತವೆ. ಸಾಂಕೇತಿಕ ಸ್ವಾಧೀನದ ಹಂತದಲ್ಲೇ ಅರ್ಜಿ ಹಾಕಬಹುದು ಎಂಬುದನ್ನು 2018ರಲ್ಲಿ ಹಿಂಡನ್ ಫೋರ್ಜ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಖಚಿತಪಡಿಸಿದೆ. ಮನೆಯನ್ನು ನಿಜವಾಗಿ ಖಾಲಿ ಮಾಡಿಸಲು ಬ್ಯಾಂಕು ಸೆಕ್ಷನ್ 14ರ ಅಡಿ ಜಿಲ್ಲಾ ಮ್ಯಾಜಿಸ್ಟ್ರೇಟರ ಅಥವಾ ಮುಖ್ಯ ಮ್ಯಾಜಿಸ್ಟ್ರೇಟರ ಮೊರೆ ಹೋಗುತ್ತದೆ. ಆ ಹಂತದಲ್ಲಿ ಅವರು ತಕರಾರಿನ ವಿಚಾರಣೆ ನಡೆಸುವುದಿಲ್ಲ, ಕಾಗದಪತ್ರ ಸರಿಯಿದೆಯೇ ಎಂದಷ್ಟೇ ನೋಡುತ್ತಾರೆ.

ಹರಾಜಿಗೆ ಮೊದಲು ಅನುಮೋದಿತ ಮೌಲ್ಯಮಾಪಕರಿಂದ ಬೆಲೆ ಕಟ್ಟಿಸಿ ಮೀಸಲು ಬೆಲೆ ನಿಗದಿ ಮಾಡಬೇಕು. ಸಾಲಗಾರನಿಗೆ 30 ದಿನಗಳ ಮಾರಾಟ ನೋಟಿಸ್ ಕೊಡಬೇಕು, ಪತ್ರಿಕೆಗಳಲ್ಲಿ ಪ್ರಕಟಿಸಬೇಕು, ಸ್ವತ್ತಿನ ಎದ್ದುಕಾಣುವ ಜಾಗದಲ್ಲಿ ಅಂಟಿಸಬೇಕು, ಜಾಲತಾಣದಲ್ಲಿ ಹಾಕಬೇಕು. ಪ್ರಕಟಣೆಯಿಂದ 30 ದಿನ ಕಳೆಯುವ ಮೊದಲು ಹರಾಜು ನಡೆಯಬಾರದು. ಜೂನ್ 1ರಂದು ಪತ್ರಿಕೆಯಲ್ಲಿ ಬಂದರೆ ಜುಲೈ 1ರ ಹರಾಜು ಅವಸರದ್ದಾಗುತ್ತದೆ, ಜುಲೈ 2ರದ್ದು ಸರಿ. ಮೊದಲ ಹರಾಜಿಗೆ ಯಾರೂ ಬಾರದೆ ಮತ್ತೆ ಹಾಕುವಾಗ 15 ದಿನ ಸಾಕು. ಒಂದು ದಿನದ ಈ ಲೆಕ್ಕ ಕೂದಲು ಸೀಳುವ ಕೆಲಸದಂತೆ ಕಾಣಬಹುದು. ಆದರೆ 2014ರ ಮ್ಯಾಥ್ಯೂ ವರ್ಗೀಸ್ ಪ್ರಕರಣದಲ್ಲಿ ನೋಟಿಸಿನ ನಿಯಮ ಪಾಲನೆಯಾಗಿಲ್ಲವೆಂಬ ಕಾರಣಕ್ಕೇ ಸುಪ್ರೀಂ ಕೋರ್ಟ್ ಮಾರಾಟವನ್ನು ಅಸಿಂಧುಗೊಳಿಸಿತು. ಅಷ್ಟು ಹೊತ್ತಿಗೆ ಕೊಂಡವರು ಹಣ ಕಟ್ಟಿ, ವರ್ಷಗಳೇ ಕಳೆದಿದ್ದವು.

ಬಿಡಿಸಿಕೊಳ್ಳುವ ಹಕ್ಕು ಸಾಯುವ ಕ್ಷಣ

ಅಡಮಾನದಲ್ಲಿ ಮಾಲೀಕನಿಗೆ ಉಳಿಯುವ ದೊಡ್ಡ ಹಕ್ಕು ಒಂದೇ: ಸಾಲ ತೀರಿಸಿ ಸ್ವತ್ತನ್ನು ಬಿಡಿಸಿಕೊಳ್ಳುವುದು. ಸರ್ಫೇಸಿಯ ಸೆಕ್ಷನ್ 13(8) ಮೊದಲು ‘ಮಾರಾಟಕ್ಕೆ ಗೊತ್ತುಪಡಿಸಿದ ದಿನಕ್ಕೆ ಮೊದಲು’ ಪೂರ್ತಿ ಬಾಕಿ ಕೊಟ್ಟರೆ ಬ್ಯಾಂಕು ಮಾರುವಂತಿಲ್ಲ ಎನ್ನುತ್ತಿತ್ತು. 2016ರ ತಿದ್ದುಪಡಿ ಆ ಮಾತನ್ನು ‘ಹರಾಜಿನ ನೋಟಿಸ್ ಪ್ರಕಟವಾಗುವ ದಿನಕ್ಕೆ ಮೊದಲು’ ಎಂದು ಬದಲಾಯಿಸಿತು. ಸೆಪ್ಟೆಂಬರ್ 1ರಿಂದ ಅದು ಜಾರಿಗೆ ಬಂತು. ಬದಲಾದದ್ದು ಕೆಲವೇ ಪದ. ಕೆಲವು ಹೈಕೋರ್ಟ್‌ಗಳು ಇದನ್ನು ಮೃದುವಾಗಿ ಓದಿ, ಮಾರಾಟ ಪೂರ್ಣಗೊಳ್ಳುವವರೆಗೂ ಹಕ್ಕು ಉಳಿದಿರುತ್ತದೆ ಎನ್ನುತ್ತಿದ್ದವು.

2023ರಲ್ಲಿ ಬಾಂಬೆಯಿಂದ ಒಂದು ಪ್ರಕರಣ ಬಂತು, ಸೆಲಿರ್ ಮತ್ತು ಬಾಫ್ನಾ ಮೋಟಾರ್ಸ್ ನಡುವಿನದು. ಬಾಫ್ನಾ ಸಂಸ್ಥೆ ಯೂನಿಯನ್ ಬ್ಯಾಂಕಿನಿಂದ ಸುಮಾರು 100 ಕೋಟಿ ರೂಪಾಯಿ ಸಾಲ ಪಡೆದು ಸುಸ್ತಿಯಾಗಿತ್ತು. ಬ್ಯಾಂಕು ಎಂಟು ಸಲ ಹರಾಜು ಕೂಗಿದರೂ ಕೊಳ್ಳುವವರಿರಲಿಲ್ಲ. ಒಂಬತ್ತನೆಯ ಸಲ ಮೀಸಲು ಬೆಲೆ 105 ಕೋಟಿ. ಸೆಲಿರ್ ಸಂಸ್ಥೆ 105.05 ಕೋಟಿ ಕೂಗಿ ಗೆದ್ದು, ಪೂರ್ತಿ ಹಣವನ್ನೂ ಕಟ್ಟಿತು. ಆಗ ಸಾಲಗಾರರು ಎದ್ದು ಬಂದು, ನಾವು 129 ಕೋಟಿ ಕೊಟ್ಟು ಬಿಡಿಸಿಕೊಳ್ಳುತ್ತೇವೆ ಎಂದರು. ಬ್ಯಾಂಕಿನ ಬಾಯಲ್ಲಿ ನೀರೂರಿತು. ಹೈಕೋರ್ಟ್ ಕೂಡ ಒಪ್ಪಿತು. ಸುಪ್ರೀಂ ಕೋರ್ಟ್ ಸೆಪ್ಟೆಂಬರ್ 21ರ ತೀರ್ಪಿನಲ್ಲಿ ಅದನ್ನು ತಳ್ಳಿಹಾಕಿತು. ಪ್ರಕಟಣೆ ಹೊರಬಿದ್ದ ದಿನವೇ ಬಿಡಿಸಿಕೊಳ್ಳುವ ಹಕ್ಕು ಮುಗಿದಿದೆ, ಹೆಚ್ಚು ಹಣ ಬರುತ್ತದೆಂದು ಹರಾಜು ಗೆದ್ದವರ ಕೈಬಿಟ್ಟರೆ ನಾಳೆ ಹರಾಜಿಗೆ ಯಾರೂ ಬರುವುದಿಲ್ಲ ಎಂಬುದು ಅದರ ನಿಲುವು. ತೀರ್ಪಿನ ನಂತರವೂ ಜಗಳ ನಿಲ್ಲಲಿಲ್ಲ. ನ್ಯಾಯಾಂಗ ನಿಂದನೆ ಅರ್ಜಿಯಾಗಿ ಅದು ಮತ್ತೆ ಅದೇ ನ್ಯಾಯಾಲಯಕ್ಕೆ ಬಂದು 2024ರ ಡಿಸೆಂಬರ್‌ನಲ್ಲಿ ಇನ್ನೊಂದು ತೀರ್ಪು ಹೊರಬಿತ್ತು.

ಹಾಗಾದರೆ 2016ಕ್ಕೆ ಮೊದಲು ಸಾಲ ಪಡೆದವರ ಗತಿ? ಎಂ. ರಾಜೇಂದ್ರನ್ ಮತ್ತು ಕೆಪಿಕೆ ಆಯಿಲ್ಸ್ ನಡುವಿನ 2025ರ ಸೆಪ್ಟೆಂಬರ್ ತೀರ್ಪು ಇದಕ್ಕೂ ಉತ್ತರ ಕೊಟ್ಟಿದೆ. ಸಾಲ ಹಳೆಯದಾದರೂ, ತಿದ್ದುಪಡಿಯ ನಂತರ ಕ್ರಮ ಜರುಗಿದ್ದರೆ ಹೊಸ ಮಾತೇ ಅನ್ವಯ. ಆದರೆ ಅದೇ ತೀರ್ಪಿನಲ್ಲಿ ನ್ಯಾಯಮೂರ್ತಿಗಳು ಕಾಯ್ದೆಗೂ ನಿಯಮಗಳಿಗೂ ಹೊಂದಾಣಿಕೆ ಇಲ್ಲದ್ದನ್ನು ಎತ್ತಿ ತೋರಿಸಿ, ಹಣಕಾಸು ಸಚಿವಾಲಯ ಇದನ್ನು ಸರಿಪಡಿಸಲಿ ಎಂದಿದ್ದಾರೆ. ಆ ಮಾತಿಗೆ ಕಾರಣವಿದೆ. ಸಾಲಗಾರನಿಗೆ 30 ದಿನ ಮೊದಲೇ ನೋಟಿಸ್ ಕೊಡುವ ನಿಯಮ ಹುಟ್ಟಿದ್ದೇ ಆತ ಅಷ್ಟರಲ್ಲಿ ಹಣ ಹೊಂದಿಸಿಕೊಳ್ಳಲಿ ಎಂದು. ಈಗ ನೋಟಿಸ್ ಬರುತ್ತದೆ, ಹಕ್ಕು ಹೋಗಿರುತ್ತದೆ. ಕೋಟೆ ಸೂರೆ ಹೋದ ಮೇಲೆ ದಿಡ್ಡಿ ಬಾಗಿಲು ಹಾಕಲು ಕರೆದಂತೆ.

ವ್ಯವಹಾರದಲ್ಲಿ ಇದರ ಅರ್ಥ, ಪ್ರಕಟಣೆಯ ನಂತರ ಹಣ ತಂದರೆ ಬ್ಯಾಂಕು ತೆಗೆದುಕೊಳ್ಳಲೇಬಾರದು ಎಂದಲ್ಲ. ಹರಾಜು ನಡೆಯುವ ಮೊದಲು ಪೂರ್ತಿ ಹಣ ಬಂದರೆ ಎಷ್ಟೋ ಬ್ಯಾಂಕುಗಳು ಸಂತೋಷದಿಂದ ಹರಾಜು ಕೈಬಿಡುತ್ತವೆ. ಆದರೆ ಅದು ಬ್ಯಾಂಕಿನ ಮರ್ಜಿ. ಹಕ್ಕು ಎಂದು ಕೇಳುವ ಹಾಗಿಲ್ಲ.

ಮಾರಾಟ ಯಾವಾಗ ಬೀಳುತ್ತದೆ

ಹಕ್ಕು ಹೋದ ಮೇಲೂ ಸಾಲಗಾರನಿಗೆ ಹರಾಜನ್ನು ಪ್ರಶ್ನಿಸುವ ದಾರಿ ಇದೆ. ‘ನಾನು ದುಡ್ಡು ಕೊಡುತ್ತೇನೆ’ ಎಂಬ ವಾದ ಅಲ್ಲಿ ನಡೆಯದು. ‘ನೀವು ನಿಯಮ ಮುರಿದಿದ್ದೀರಿ’ ಎಂಬುದು ನಡೆಯುತ್ತದೆ.

ಹೆಚ್ಚಾಗಿ ಕೇಳಿಬರುವ ಆಕ್ಷೇಪ ಬೆಲೆಯದು. ಎರಡು ಕೋಟಿಯ ಮನೆ ಒಂದೂಕಾಲು ಕೋಟಿಗೆ ಹೋಯಿತು ಎಂದು ಎಲ್ಲರೂ ಹೇಳುತ್ತಾರೆ. ಹರಾಜಿನ ಬೆಲೆ ಪೇಟೆ ಬೆಲೆಗಿಂತ ಕೆಳಗಿರುವುದು ಸಹಜ, ಏಕೆಂದರೆ ಕೊಳ್ಳುವವರು ವ್ಯಾಜ್ಯವನ್ನೂ ಸೇರಿಸಿ ಕೊಳ್ಳುತ್ತಾರೆ. ಬರಿದೇ ಕಡಿಮೆ ಬೆಲೆ ಎಂದರೆ ನ್ಯಾಯಮಂಡಳಿ ಕಿವಿಗೊಡುವುದಿಲ್ಲ. ಮೌಲ್ಯಮಾಪನ ವರದಿ ಹಳಸಿದೆ, ಅಥವಾ ಕಟ್ಟಡವನ್ನೇ ಬಿಟ್ಟು ನಿವೇಶನಕ್ಕೆ ಮಾತ್ರ ಬೆಲೆ ಕಟ್ಟಿದ್ದಾರೆ, ಅಥವಾ ಒಬ್ಬರೇ ಎರಡು ಹೆಸರಿನಲ್ಲಿ ಕೂಗಿದ್ದಾರೆ ಎಂದು ಕಾಗದದಲ್ಲಿ ತೋರಿಸಿದರೆ ಕೇಳುತ್ತದೆ. ಮಾರಾಟ ಸ್ಥಿರೀಕರಣವಾದ, ಅಂದರೆ ಅಧಿಕೃತವಾಗಿ ಖಚಿತವಾದ ಮೇಲೆ ಯಾರೋ ಬಂದು ಹೆಚ್ಚು ಕೊಡುತ್ತೇನೆ ಎಂದ ಮಾತ್ರಕ್ಕೆ, ವಂಚನೆ ನಡೆದಿಲ್ಲದಿದ್ದರೆ, ಅದನ್ನು ಮುರಿಯುವಂತಿಲ್ಲ ಎಂದು 2008ರ ವಲ್ಜಿ ಖಿಮ್ಜಿ ತೀರ್ಪು ಹೇಳಿದೆ. ಮೀಸಲು ಬೆಲೆಗಿಂತ ಕೆಳಗೆ ಮಾರುವುದಾದರೆ ಮಾತ್ರ ಸಾಲಗಾರನ ಒಪ್ಪಿಗೆ ಬೇಕು.

ಎಷ್ಟು ಬೇಕೋ ಅಷ್ಟನ್ನೇ ಮಾರಬೇಕು ಎಂಬ ಹಳೆಯ ತತ್ತ್ವವೂ ಇದೆ. ಸಿವಿಲ್ ಅಮಲ್ಜಾರಿಯ ಅಂಬಟಿ ನರಸಯ್ಯ ಪ್ರಕರಣದಲ್ಲಿ ಸುಮಾರು 2,400 ರೂಪಾಯಿ ಬಾಕಿಗಾಗಿ ಹತ್ತು ಎಕರೆ ಜಮೀನನ್ನು 17,000ಕ್ಕೆ ಮಾರಲಾಗಿತ್ತು. 1989ರಲ್ಲಿ ಸುಪ್ರೀಂ ಕೋರ್ಟ್ ಆ ಮಾರಾಟವನ್ನು ಅಳಿಸಿಹಾಕಿತು. ಬಾಕಿಗೆ ಸಾಕಾಗುವ ತುಂಡನ್ನು ಮಾತ್ರ ಮಾರುವುದು ನ್ಯಾಯಾಲಯದ ಇಷ್ಟವಲ್ಲ, ಕರ್ತವ್ಯ ಎಂದಿತು. ಒಂದು ಫ್ಲಾಟನ್ನು ತುಂಡು ಮಾಡಲಾಗದು ನಿಜ. ನಾಲ್ಕು ಸ್ವತ್ತು ಅಡವಿಟ್ಟವರು ಈ ತೀರ್ಪನ್ನು ನೆನಪಿಡಬಹುದು.

ಇನ್ನು ಕೃಷಿ ಭೂಮಿ. ಸೆಕ್ಷನ್ 31ರ ಪ್ರಕಾರ ಕೃಷಿ ಭೂಮಿಗೆ ಸರ್ಫೇಸಿ ಅನ್ವಯಿಸುವುದಿಲ್ಲ. ಪಹಣಿಯಲ್ಲಿ ಕೃಷಿ ಎಂದಿದ್ದರೆ ಸಾಕೇ? ಸಾಲದು ಎನ್ನುತ್ತದೆ 2023ರ ಕೆ. ಶ್ರೀಧರ್ ತೀರ್ಪು. ಅಲ್ಲಿ ನಿಜವಾಗಿ ಬೇಸಾಯ ನಡೆಯುತ್ತಿದೆ ಎಂದು ಸಾಬೀತುಪಡಿಸುವ ಹೊಣೆ ಸಾಲಗಾರನದು. ಗೋವಾದ ಬ್ಲೂ ಕೋಸ್ಟ್ ಹೋಟೆಲಿನ ಪ್ರಕರಣ ಇದಕ್ಕೆ ಒಳ್ಳೆಯ ನಿದರ್ಶನ. ಐಎಫ್‌ಸಿಐ ಎಂಬ ಹಣಕಾಸು ಸಂಸ್ಥೆಯಿಂದ 150 ಕೋಟಿ ಸಾಲ ಪಡೆದ ಆ ಹೋಟೆಲನ್ನು ಐಟಿಸಿ ಸಂಸ್ಥೆ 515 ಕೋಟಿಗೆ ಹರಾಜಿನಲ್ಲಿ ಕೊಂಡಿತು. ಹೋಟೆಲಿನ ಜಾಗದ ಒಂದು ಭಾಗ ದಾಖಲೆಯಲ್ಲಿ ಕೃಷಿ ಭೂಮಿ, ನಮ್ಮ ಆಕ್ಷೇಪಣೆಗೆ ಉತ್ತರವನ್ನೂ ಕೊಟ್ಟಿಲ್ಲ ಎಂದು ಸಾಲಗಾರರು ವಾದಿಸಿದರು. 2018ರ ಮಾರ್ಚ್‌ನಲ್ಲಿ ಬಂದ ತೀರ್ಪು ಆಕ್ಷೇಪಣೆಗೆ ಉತ್ತರ ಕೊಡುವುದು ಕಡ್ಡಾಯ ಎಂದು ಒಪ್ಪಿತು. ಆದರೂ ಮಾರಾಟವನ್ನು ಉಳಿಸಿತು, ಏಕೆಂದರೆ ಸಾಲಗಾರರು ಮತ್ತೆ ಮತ್ತೆ ಕಾಲಾವಕಾಶ ಕೇಳಿ, ಕಟ್ಟುತ್ತೇವೆಂದು ಮಾತು ಕೊಟ್ಟು ತಪ್ಪಿದ್ದರು. ನಿಯಮ ಎಷ್ಟೇ ಕಡ್ಡಾಯವಾಗಿದ್ದರೂ ನ್ಯಾಯಾಲಯದ ಕಣ್ಣು ಸಾಲಗಾರನ ನಡವಳಿಕೆಯ ಮೇಲೂ ಇರುತ್ತದೆ. ಬ್ಯಾಂಕಿನ ವಕೀಲರ ಬತ್ತಳಿಕೆಯಲ್ಲಿ ಈ ತೀರ್ಪು ಸದಾ ಇರುತ್ತದೆ.

ನಮ್ಮಲ್ಲಿ ಇದೇ ಪ್ರಶ್ನೆ ಕಾಫಿ ತೋಟಗಳ ರೂಪದಲ್ಲಿ ಎದ್ದಿದೆ. ಕಾಫಿ ವಾಣಿಜ್ಯ ಬೆಳೆ, ತೋಟ ಕೃಷಿ ಭೂಮಿಯಲ್ಲ ಎಂಬ ನೆಲೆಯಲ್ಲಿ ಬ್ಯಾಂಕುಗಳು ಹರಾಜಿಗೆ ಇಟ್ಟಾಗ ಕೊಡಗು, ಚಿಕ್ಕಮಗಳೂರು, ಹಾಸನದ ಬೆಳೆಗಾರರು ಪ್ರತಿಭಟಿಸಿದರು, ಸರ್ಫೇಸಿಯಿಂದ ವಿನಾಯಿತಿ ಕೇಳಿದರು. ಗಿಡ ನೆಟ್ಟು, ಗೊಬ್ಬರ ಹಾಕಿ, ಹಣ್ಣು ಕೊಯ್ಯುವ ಕೆಲಸ ಕೃಷಿಯಲ್ಲದೆ ಇನ್ನೇನು ಎಂಬ ಅವರ ಪ್ರಶ್ನೆಯನ್ನು ತಳ್ಳಿಹಾಕುವುದು ಸುಲಭವಲ್ಲ.

ಗೆದ್ದವರ ಪಾಡು

ಹರಾಜು ಎಂದರೆ ಸಾಲಗಾರನೊಬ್ಬನೇ ಅಳುವ ಜಾಗ ಎಂದುಕೊಳ್ಳಬೇಡಿ. ಗೆದ್ದವರೂ ಅಡಕತ್ತರಿಯಲ್ಲಿ ಸಿಕ್ಕ ಅಡಕೆಯಂತೆ ಆಗುವುದುಂಟು. ಸರ್ಫೇಸಿಯಲ್ಲಿ ಬೆಲೆಯ ಶೇ 25ನ್ನು ಅದೇ ದಿನ ಅಥವಾ ಮರುದಿನದ ಕೆಲಸದ ವೇಳೆಯೊಳಗೆ ಕಟ್ಟಬೇಕು. ಉಳಿದ ಶೇ 75ಕ್ಕೆ ಮಾರಾಟ ಸ್ಥಿರೀಕರಣದಿಂದ 15 ದಿನ. ಬ್ಯಾಂಕು ಬರವಣಿಗೆಯಲ್ಲಿ ಒಪ್ಪಿದರೆ ಹೆಚ್ಚೆಂದರೆ ಮೂರು ತಿಂಗಳು. ಡಿಆರ್‌ಟಿ ವಸೂಲಾತಿ ಅಧಿಕಾರಿಯ ಹರಾಜು ಇನ್ನೂ ಬಿಗಿ. ಅಲ್ಲಿ ಶೇ 25 ತಕ್ಷಣವೇ, ಬಾಕಿ ಹಣ ಹರಾಜಿನಿಂದ 15 ದಿನಗಳೊಳಗೆ. ಈ ಗಡುವು ಕಡ್ಡಾಯ ಎಂದು ಸುಪ್ರೀಂ ಕೋರ್ಟ್ 2013ರ ಸನ್‌ರೈಸ್ ಪ್ಲಾಜಾ ಪ್ರಕರಣದಲ್ಲಿ ಹೇಳಿದೆ.

ಗೃಹ ಸಾಲ ಸಿಗುತ್ತದೆಂದು ನಂಬಿ ಕೂಗುವವರು ಇಲ್ಲೇ ಮುಗ್ಗರಿಸುತ್ತಾರೆ. ವ್ಯಾಜ್ಯದ ವಾಸನೆಯಿರುವ ಸ್ವತ್ತಿಗೆ ಇನ್ನೊಂದು ಬ್ಯಾಂಕು 15 ದಿನಗಳಲ್ಲಿ ಸಾಲ ಮಂಜೂರು ಮಾಡುವುದು ಅಪರೂಪ. ತಮಿಳುನಾಡಿನ ಷಣ್ಮುಗವೇಲು ಪ್ರಕರಣದಲ್ಲಿ ಕೊಂಡವರು 12.27 ಕೋಟಿಗೆ ಕೂಗಿ, 3.06 ಕೋಟಿ ಕಟ್ಟಿ, ಉಳಿದದ್ದನ್ನು ಕಟ್ಟಲಾಗದೆ ಹೋದರು. ಬ್ಯಾಂಕಿಗೆ ಆದ ನಷ್ಟಕ್ಕಿಂತ ಹೆಚ್ಚನ್ನು ಮುಟ್ಟುಗೋಲು ಹಾಕಬಾರದು ಎಂದು ಕೆಳಗಿನ ಹಂತಗಳಲ್ಲಿ ಅವರಿಗೆ ನೆರವು ಸಿಕ್ಕಿತ್ತು. 2024ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟ್ ಅದನ್ನು ಒಪ್ಪದೆ, ಸರ್ಫೇಸಿ ನಿಯಮಗಳ ನಿಯಮ 9(5)ರಂತೆ ಇಡೀ ಶೇ 25 ಬ್ಯಾಂಕಿನ ಪಾಲು ಎಂದಿತು. ಮೂರು ಕೋಟಿ ಆರು ಲಕ್ಷ ರೂಪಾಯಿ ಹೋಯಿತು, ಒಂದು ಚದರಡಿ ಜಾಗವೂ ಸಿಗಲಿಲ್ಲ.

ಹಣ ಕಟ್ಟುವ ಮೊದಲೇ ಸಾಲಗಾರ ಕಂಪನಿ ದಿವಾಳಿ ಪ್ರಕ್ರಿಯೆಗೆ ಒಳಪಟ್ಟರೆ ಇನ್ನೊಂದು ಪೇಚು. ಪೂರ್ತಿ ಹಣ ಪಾವತಿಯಾಗಿ ಮಾರಾಟ ಮುಗಿಯದಿದ್ದರೆ ದಿವಾಳಿ ಸಂಹಿತೆಯ ತಡೆ ಅದಕ್ಕೂ ತಗಲುತ್ತದೆ ಎಂದು 2022ರ ಆರ್‌ಸಿಎಂ ಇನ್‌ಫ್ರಾಸ್ಟ್ರಕ್ಚರ್ ತೀರ್ಪು ಹೇಳಿದೆ.

ಪ್ರಕಟಣೆಯ ಕೆಳಭಾಗದಲ್ಲಿ ‘ಎಲ್ಲಿದೆಯೋ ಅಲ್ಲಿ, ಹೇಗಿದೆಯೋ ಹಾಗೆ’ ಎಂಬ ಸಾಲು ಇರುತ್ತದೆ. ಇದನ್ನು ಅಲಂಕಾರದ ಮಾತೆಂದು ತಿಳಿದವರು ಕೈಸುಟ್ಟುಕೊಂಡಿದ್ದಾರೆ. ಹಳೆಯ ಮಾಲೀಕ ಉಳಿಸಿಹೋದ ವಿದ್ಯುತ್ ಬಿಲ್ಲನ್ನು ಕಟ್ಟಿದರೆ ಮಾತ್ರ ಹೊಸ ಸಂಪರ್ಕ ಎಂದು ವಿದ್ಯುತ್ ಕಂಪನಿ ಹೇಳಬಹುದೇ? ನಿಯಮಾವಳಿಯಲ್ಲಿ ಅವಕಾಶ ಇದ್ದರೆ ಹೇಳಬಹುದು ಎಂದು 2023ರ ಮೇನಲ್ಲಿ ಕೆ.ಸಿ. ನೈನಾನ್ ಪ್ರಕರಣದಲ್ಲಿ ತೀರ್ಪಾಯಿತು. ಕಾರ್ಖಾನೆ ಕೊಂಡವರಿಗೆ ಈ ಮೊತ್ತ ಲಕ್ಷಗಳಲ್ಲಿ ಇರುತ್ತದೆ. ಆಸ್ತಿ ತೆರಿಗೆ, ಅಪಾರ್ಟ್‌ಮೆಂಟ್ ಸಂಘದ ನಿರ್ವಹಣಾ ಬಾಕಿ, ಖಾತೆ ಬದಲಾವಣೆಯ ತೊಡಕು ಇವೆಲ್ಲ ಅದೇ ಸಾಲಿನ ಹೊಟ್ಟೆಯಲ್ಲಿವೆ. ಬ್ಯಾಂಕು ತನಗೆ ಗೊತ್ತಿರುವ ಋಣಭಾರಗಳನ್ನು ಮಾತ್ರ ತಿಳಿಸಬೇಕು. ಗೊತ್ತಿಲ್ಲದವನ್ನು ಹುಡುಕುವ ಕೆಲಸ ಕೊಳ್ಳುವವರದು. ಕಾವೇರಿ ತಂತ್ರಾಂಶದಲ್ಲಿ ಋಣಭಾರ ಪತ್ರ ತೆಗೆಸಿದರಷ್ಟೇ ಸಾಲದು, ಜಾಗಕ್ಕೆ ಹೋಗಿ ಪಕ್ಕದ ಮನೆಯವರನ್ನು ಮಾತನಾಡಿಸಬೇಕು. ಚಕ್ಕುಬಂದಿಯಲ್ಲಿ ‘ಪೂರ್ವಕ್ಕೆ ರಸ್ತೆ’ ಎಂದಿರುವಲ್ಲಿ ಕಾಂಪೌಂಡ್ ಗೋಡೆ ಎದ್ದಿರುವುದು ಕಾಗದದಲ್ಲಿ ಕಾಣುವುದಿಲ್ಲ.

ಎಲ್ಲಕ್ಕಿಂತ ಕಷ್ಟದ್ದು ಒಳಗಿರುವ ಜನರದು. ಬೆಂಗಳೂರಿನಲ್ಲಿ ಭೋಗ್ಯದ ಪದ್ಧತಿ ಇದೆ: ಹತ್ತೋ ಹದಿನೈದೋ ಲಕ್ಷ ಇಡುಗಂಟು ಕೊಟ್ಟು, ತಿಂಗಳ ಬಾಡಿಗೆಯಿಲ್ಲದೆ ಮೂರು ವರ್ಷ ಇರುವುದು. ಕರಾರು ಸಾಮಾನ್ಯವಾಗಿ ಛಾಪಾ ಕಾಗದದ ಮೇಲೆ, ನೋಂದಣಿ ಇಲ್ಲ. ಮನೆ ಬ್ಯಾಂಕಿಗೆ ಅಡಮಾನವಾಗಿದೆ ಎಂದು ಭೋಗ್ಯದಾರರಿಗೆ ತಿಳಿಯುವುದು ಗೇಟಿಗೆ ನೋಟಿಸ್ ಅಂಟಿದಾಗ. ಅಡಮಾನಕ್ಕೆ ಮೊದಲೇ ಇದ್ದ ನ್ಯಾಯಬದ್ಧ ಗೇಣಿ ಬಾಡಿಗೆಗಳಿಗೆ ಕಾನೂನಿನ ರಕ್ಷಣೆ ಇದೆ. 2016ರ ನಂತರ ಬಾಡಿಗೆದಾರರೂ ಡಿಆರ್‌ಟಿಗೆ ಹೋಗಬಹುದು. ಆದರೆ ಅವಧಿ ಮುಗಿದ ಕರಾರು, ಅಡಮಾನದ ಷರತ್ತಿಗೆ ವಿರುದ್ಧವಾದ ಕರಾರು, 13(2) ನೋಟಿಸಿನ ನಂತರ ಮಾಡಿಕೊಂಡ ಕರಾರು ಇವು ಅಲ್ಲಿ ನಿಲ್ಲುವುದಿಲ್ಲ. ನೋಂದಣಿಯಾಗದ ಮೂರು ವರ್ಷದ ಭೋಗ್ಯಪತ್ರ ಹಿಡಿದು ಬಂದ ದಂಪತಿಗೆ, ನಿಮ್ಮ ಹದಿನೈದು ಲಕ್ಷವನ್ನು ಬ್ಯಾಂಕಿನಿಂದ ಕೇಳುವಂತಿಲ್ಲ, ಈಗಾಗಲೇ ಮುಳುಗಿರುವ ಮಾಲೀಕನಿಂದಲೇ ಕೇಳಬೇಕು ಎಂದು ಹೇಳುವುದು ನನ್ನ ಕೆಲಸದಲ್ಲಿ ನನಗೆ ಬೇಡವೆನಿಸುವ ಗಳಿಗೆ. ಭೋಗ್ಯಕ್ಕೆ ಹಣ ಕೊಡುವ ಮೊದಲು ಒಂದು ಋಣಭಾರ ಪತ್ರ ತೆಗೆಸಲು ತಗಲುವ ಖರ್ಚು ಒಂದು ಹೊತ್ತಿನ ಹೋಟೆಲ್ ಊಟಕ್ಕಿಂತ ಹೆಚ್ಚಲ್ಲ.

ಯಾವ ಬಾಗಿಲು ತಟ್ಟಬೇಕು

ಸರ್ಫೇಸಿ ಕ್ರಮಗಳನ್ನು ಪ್ರಶ್ನಿಸುವ ಜಾಗ ಡಿಆರ್‌ಟಿ. ಕರ್ನಾಟಕದವು ಎರಡೂ ಬೆಂಗಳೂರಿನಲ್ಲೇ ಇವೆ. ಬೀದರಿನವರಾದರೂ ಕಾರವಾರದವರಾದರೂ ಇಲ್ಲಿಗೇ ಬರಬೇಕು. ಮೇಲ್ಮನವಿಗೆ ಚೆನ್ನೈಗೆ ಹೋಗಬೇಕು, ಹೋಗುವ ಮೊದಲು ಸಾಲಗಾರ ಬಾಕಿಯ ಶೇ 50ನ್ನು ಠೇವಣಿ ಇಡಬೇಕು. ಮೇಲ್ಮನವಿ ಮಂಡಳಿ ಕಾರಣ ಬರೆದು ಅದನ್ನು ಶೇ 25ರವರೆಗೆ ಇಳಿಸಬಹುದು, ಅದಕ್ಕಿಂತ ಕೆಳಗಿಲ್ಲ. ಕಾಯ್ದೆ ಬಂದ ಹೊಸತರಲ್ಲಿ ಡಿಆರ್‌ಟಿಯ ಮೊದಲ ಅರ್ಜಿಗೇ ಶೇ 75 ಠೇವಣಿ ಕೇಳುತ್ತಿದ್ದರು. 2004ರ ಮಾರ್ಡಿಯಾ ಕೆಮಿಕಲ್ಸ್ ತೀರ್ಪು ಅದನ್ನು ಕಿತ್ತುಹಾಕದಿದ್ದರೆ ಬಡ ಸಾಲಗಾರರು ಯಾರೂ ಒಳಗೆ ಕಾಲಿಡಲಾಗುತ್ತಿರಲಿಲ್ಲ.

ಹೈಕೋರ್ಟಿಗೆ ರಿಟ್ ಅರ್ಜಿ ಹಾಕಿ ತಡೆಯಾಜ್ಞೆ ತರೋಣ ಎಂಬ ಸಲಹೆ ಎಲ್ಲ ಕಡೆ ಸಿಗುತ್ತದೆ. ಡಿಆರ್‌ಟಿ ಎಂಬ ಪರಿಹಾರ ಇರುವಾಗ ಹೈಕೋರ್ಟುಗಳು ಕೈಹಾಕಬಾರದು ಎಂದು ಸುಪ್ರೀಂ ಕೋರ್ಟ್ 2010ರ ಸತ್ಯವತಿ ಟಂಡನ್ ತೀರ್ಪಿನಿಂದ ಈಚೆಗೆ ಹೇಳುತ್ತಲೇ ಬಂದಿದೆ. ಹೇಳುತ್ತಲೇ ಇರಬೇಕಾಗಿ ಬಂದಿದೆ ಎಂಬುದೇ ಆ ಸಲಹೆ ಎಷ್ಟು ಜನಪ್ರಿಯ ಎಂದು ತೋರಿಸುತ್ತದೆ. ತಡೆ ಸಿಕ್ಕರೂ ಬರಿಗೈಯಲ್ಲಿ ಸಿಗುವುದಿಲ್ಲ, ಇಷ್ಟು ದಿನಗಳಲ್ಲಿ ಇಷ್ಟು ಹಣ ಕಟ್ಟಿ ಎಂಬ ಷರತ್ತು ಜೊತೆಗಿರುತ್ತದೆ. ಆ ಷರತ್ತು ಮುರಿದರೆ ಸಾಲಗಾರನ ನಡವಳಿಕೆಯ ಪುಟಕ್ಕೆ ಇನ್ನೊಂದು ಕಪ್ಪು ಗೆರೆ.

ಡಿಆರ್‌ಟಿ ತೀರ್ಮಾನಿಸಬೇಕಾದ ವಿಷಯಗಳಿಗೆ ಕೈಹಾಕದಂತೆ ಸಿವಿಲ್ ನ್ಯಾಯಾಲಯಕ್ಕೆ ಸರ್ಫೇಸಿಯ ಸೆಕ್ಷನ್ 34ರ ತಡೆ ಇದೆ. ಆದರೆ ಸಾಲವನ್ನೇ ಪಡೆಯದ ಮೂರನೆಯವರು, ಈ ಜಾಗ ನನ್ನದು, ಅಡವಿಟ್ಟವನಿಗೆ ಹಕ್ಕೇ ಇರಲಿಲ್ಲ ಎಂದು ಬಂದರೆ? ಅಂಥ ಒಡೆತನದ ಪ್ರಶ್ನೆಯನ್ನು ತೀರ್ಮಾನಿಸುವ ಅಧಿಕಾರ ಡಿಆರ್‌ಟಿಗಿಲ್ಲ, ಸಿವಿಲ್ ನ್ಯಾಯಾಲಯಕ್ಕಿದೆ ಎಂದು 2025ರ ಜನವರಿಯ ಪ್ರಭಾ ಜೈನ್ ತೀರ್ಪು ತಿಳಿಸಿದೆ. ಅವಿಭಕ್ತ ಕುಟುಂಬದ ಆಸ್ತಿಯನ್ನು ಅಣ್ಣನೊಬ್ಬನೇ ಅಡವಿಟ್ಟ ನಮ್ಮೂರುಗಳ ಎಷ್ಟೋ ಜಗಳಗಳಿಗೆ ಇದು ಸಂಬಂಧಿಸುತ್ತದೆ. ಹರಾಜಿನಲ್ಲಿ ಕೊಳ್ಳುವವರಿಗೂ ಇದು ಎಚ್ಚರಿಕೆ: ತಂಗಿಯ ಪಾಲಿನ ದಾವೆ ಯಾವ ಊರಿನ ನ್ಯಾಯಾಲಯದಲ್ಲಿ ಮಲಗಿದೆಯೋ ಬ್ಯಾಂಕಿನ ಪ್ರಕಟಣೆ ಹೇಳುವುದಿಲ್ಲ.

ಸಾಲಗಾರರು ಹೆಚ್ಚಾಗಿ ಮರೆತುಬಿಡುವ ಒಂದು ಮಾತು ಉಳಿದಿದೆ. ಮನೆ 90 ಲಕ್ಷಕ್ಕೆ ಹರಾಜಾಗಿ, ಬಾಕಿ ಮತ್ತು ಖರ್ಚು ಸೇರಿ 62 ಲಕ್ಷ ಇದ್ದರೆ ಉಳಿದ 28 ಲಕ್ಷ ಬ್ಯಾಂಕಿನದಲ್ಲ. ಸೆಕ್ಷನ್ 13(7) ಅದನ್ನು ಹಕ್ಕುಳ್ಳವರಿಗೆ ಹಿಂತಿರುಗಿಸಲು ಹೇಳುತ್ತದೆ. ಮನೆ ಹೋಯಿತೆಂಬ ಅವಮಾನದಲ್ಲಿ ಊರು ಬಿಟ್ಟವರು ಮತ್ತೆ ಆ ಶಾಖೆಯ ಕಡೆ ತಲೆ ಹಾಕುವುದಿಲ್ಲ, ಲೆಕ್ಕ ಕೇಳುವುದಿಲ್ಲ. ಮಾರಾಟ ಪ್ರಮಾಣಪತ್ರ ಕೊಟ್ಟ ದಿನಾಂಕ, ಬಂದ ಹಣ, ಕಳೆದ ಬಡ್ಡಿ, ಭದ್ರತಾ ಸಿಬ್ಬಂದಿಗೂ ಜಾಹೀರಾತಿಗೂ ಹಾಕಿದ ಖರ್ಚು ಇವುಗಳ ವಿವರ ಕೊಡಿ ಎಂದು ಅಧಿಕೃತ ಅಧಿಕಾರಿಗೆ ಒಂದು ಪುಟದ ಪತ್ರ ಬರೆದು, ಇನ್ನೊಂದು ಪ್ರತಿಗೆ ಮೊಹರು ಹಾಕಿಸಿಕೊಂಡರೆ ಸಾಕು. ಉತ್ತರ ಬಾರದಿದ್ದರೆ, ಅಥವಾ ಬಂದ ಲೆಕ್ಕದಲ್ಲಿ ಖರ್ಚು ಊದಿಕೊಂಡಿದ್ದರೆ, ಮೊಹರು ಬಿದ್ದ ಆ ಪ್ರತಿಯನ್ನೇ ಹಿಡಿದು ವಕೀಲರ ಬಳಿ ಹೋಗಬಹುದು.